ತಮ್ಮನ ಬೆನ್ನು, ಹೆಂಗಸರ ಸಹಿ

ನಾನಿರುವ ಬಹ್ರೇನಿನ ಪಕ್ಕದ ದೇಶದಲ್ಲಿ ಡ್ರೈವರ್ ಆಗಿರುವ ನನ್ನ ತಮ್ಮ ರೂಮಿನಲ್ಲಿ ಸಾರಾಯಿ ಇಟ್ಟುಕೊಂಡು ಸಿಕ್ಕಿಬಿದ್ದ. ಕೋರ್ಟು ಜೈಲಿನ ಜೊತೆ ಎಂಬತ್ತು ಛಡಿಯೇಟು ವಿಧಿಸಿತು. ತಪ್ಪು ಅವನದೇ, ಜೈಲಿಗೆ ಹಾಕಲಿ. ಆದರೆ ಹೊಡೆಯಬೇಡಿ ಎಂದು ಅಲ್ಲಿನ ನಮ್ಮ ರಾಯಭಾರಿ ಆ ಸರಕಾರವನ್ನು ಕೇಳಲಿ ಎಂದು ಪತ್ರ ಬರೆಸಿ, ನನ್ನ ಸಹಿ ಹಾಕಿ, ಮಗುವನ್ನು ಸೊಂಟಕ್ಕೇರಿಸಿಕೊಂಡು ಇನ್ನಷ್ಟು ಸಹಿಗಾಗಿ ಮನಾಮಾದ ನಮ್ಮ ಊರವರ ಸಂಘಕ್ಕೆ ಹೋದೆ.

ಅಲ್ಲಿ ಟಿವಿಯಲ್ಲಿ ಇಂಥದೇ ಸುದ್ದಿ. ಎಲ್ಲೋ ಒಬ್ಬ ಬಿಳಿಯನಿಗೆ ಛಡಿಯೇಟಿನ ಶಿಕ್ಷೆಯಾಗಿ, ಅವನ ಸರಕಾರ ಸಿಟ್ಟಿನಿಂದ ತನ್ನ ರಾಯಭಾರಿಯನ್ನೇ ವಾಪಸ್ ಕರೆಸಿಕೊಂಡಿತ್ತು.

"ಸರಕಾರ ಅಂದರೆ ಹಾಗಿರಬೇಕು!" ಎಂದರು ಸಂಘದ ಅಧ್ಯಕ್ಷರು.

ನಾನು ಪತ್ರ ಮುಂದಿಟ್ಟೆ. ಸಹಿಯ ಪಕ್ಕ ಸಿಪಿಆರ್ ಎಂಬ ಇಲ್ಲಿನ ಗುರುತಿನ ಕಾರ್ಡಿನ ನಂಬರು, ವಿಳಾಸ ಬರೆಯಬೇಕೆಂದು ಗೊತ್ತಾದದ್ದೇ ಅವರ ಪೆನ್ನು ಜೇಬಿಗೆ ವಾಪಸ್ ಹೋಯಿತು.

"ಇದು ಎರಡು ದೇಶಗಳ ವಿಷಯ ಮಾರಾಯ್ತಿ. ಹತ್ತನೇ ಕ್ಲಾಸಿಗೇ ಓದು ಬಿಟ್ಟವಳಿಗೆ ಅರ್ಥ ಆಗುದಿಲ್ಲ."

"ಆ ಬಿಳಿಯನ ಬೆನ್ನು ನಿಮಗೆ ಅರ್ಥ ಆಯ್ತಲ್ಲ ಅಣ್ಣಾ? ಇದೂ ಬೆನ್ನೇ."

ಒಳಗೆ ಸಂಘದ ಊಟಕ್ಕೆ ಸೌತೆಕಾಯಿ ಹೆಚ್ಚುತ್ತಿದ್ದ ಅವರ ಹೆಂಡತಿ ಕೈ ಒರೆಸಿಕೊಳ್ಳುತ್ತ ಬಂದರು. "ಕೊಡು ಇಲ್ಲಿ" ಎಂದು ನನ್ನ ಹೆಸರಿನ ಕೆಳಗೇ ಸಹಿ ಹಾಕಿದರು. ಅವರ ಹಿಂದೆ ಹತ್ತು ಹೆಂಗಸರು ಸಾಲಾಗಿ ನಿಂತರು.

ಪತ್ರ ರಾಯಭಾರ ಕಚೇರಿ ಸೇರಿದೆ. ಹೊಡೆಯುವ ದಿನ ಇನ್ನೂ ಗೊತ್ತಾಗಿಲ್ಲ, ನಾನು ಕೇಳುವುದನ್ನು ಬಿಟ್ಟೂ ಇಲ್ಲ. ಅಧ್ಯಕ್ಷರು ಕೊನೆಗೂ ಸಹಿ ಹಾಕಲಿಲ್ಲ. ಆದರೆ ಅವರ ಫ್ಲ್ಯಾಟು, ಬಿಲ್ಡಿಂಗು, ರೋಡು, ಬ್ಲಾಕು ಎಲ್ಲ ಎರಡನೇ ಸಹಿಯ ಪಕ್ಕದಲ್ಲೇ ಇವೆ, ಹೆಂಡತಿಯ ಚಂದದ ಅಕ್ಷರದಲ್ಲಿ.