ಟಿವಿಯಲ್ಲಿ ಸತ್ತ ಸತು

ನ್ಯೂಯಾರ್ಕಿಗೆ ಹತ್ತಿರದ ಕೆಂಡಲ್ ಪಾರ್ಕಿನ ನಮ್ಮ ಬೀದಿಯ ಕೊನೆಯ ಮನೆಯ ಸತು ಫಿನ್ಲೆಂಡಿನ ಹೆಂಗಸು. ಅಲ್ಲಿಯ ಟಿವಿ ಧಾರಾವಾಹಿಯೊಂದರಲ್ಲಿ ಹತ್ತು ವರ್ಷಕ್ಕೂ ಮೇಲೆ ಹಳ್ಳಿ ನರ್ಸಿನ ಪಾತ್ರ ಮಾಡಿದವಳು. ಅಂಗಡಿಯಲ್ಲಿ ಇವಳನ್ನು ಕಂಡರೆ ಜನ ಅಂಗಿಯ ತೋಳು ಮಡಚಿ ತಮ್ಮ ಗಾಯ ತೋರಿಸುತ್ತಿದ್ದರಂತೆ. ಇಲ್ಲಿ ಇಂಡಿಯನ್ ಅಂಗಡಿಯಲ್ಲಿ ಬೆಂಡೆಕಾಯಿಯ ತುದಿ ಮುರಿದು ನೋಡುತ್ತ ನಿಂತರೆ ಯಾರೂ ಕತ್ತೆತ್ತಿ ನೋಡುವುದಿಲ್ಲ.

ಗಂಡ ಮಹೇಶ್ ಧಾರವಾಡದ ಕಡೆಯವನು, ಟೆಲಿಕಾಂ ಇಂಜಿನಿಯರು. ಫಿನ್ಲೆಂಡಿನಲ್ಲಿ ಕೆಲಸಕ್ಕಿದ್ದಾಗ ಇವಳ ಕೈ ಹಿಡಿದ. ಮುಂದೆ ಅವನಿಗೆ ಇಲ್ಲಿಯ ಪಿಸ್ಕಾಟವೇ ಎಂಬ ಊರಿನ ಆಫೀಸಿಗೆ ವರ್ಗವಾದಾಗ ಇವಳೂ ಹೊರಟಳು. ಧಾರಾವಾಹಿಯವರಿಗೆ ಸಿಟ್ಟು ಬಂತು. ನರ್ಸು ಮದುವೆಯಾಗಿ ದೂರದೂರಿಗೆ ಹೋದಳೆಂದು ಕಥೆ ತಿರುಗಿಸಬಹುದಿತ್ತು. ಅವರು ಹೆಪ್ಪುಗಟ್ಟಿದ ಕೆರೆಯ ಮೇಲೆ ಅವಳನ್ನು ನಡೆಸಿ, ಮಂಜುಗಡ್ಡೆ ಬಿರಿದು ಮುಳುಗಿದಳೆಂದು ತೋರಿಸಿ ಕೈ ತೊಳೆದುಕೊಂಡರು.

ನೋಡಿದವರೆಲ್ಲ ಅತ್ತರು, ಆಮೇಲೆ ಮೂಗೊರೆಸಿಕೊಂಡು ಊಟಕ್ಕೆದ್ದರು. ಏಳಲಾರದೆ ಕೂತವಳು ಸತುವಿನ ತಾಯಿ ಐಲಾ. ಕೆಮಿ ಎಂಬ ಊರಿನ ವೃದ್ಧಾಶ್ರಮದಲ್ಲಿದ್ದ ಆಕೆಗೆ ಆಗಲೇ ಮರೆವು ಹತ್ತಿತ್ತು. ಮಗಳು ಮುಳುಗಿದ್ದನ್ನು ಕಣ್ಣಾರೆ ಕಂಡಳಲ್ಲ, ಅದೊಂದನ್ನು ಮಾತ್ರ ಮರೆಯಲಿಲ್ಲ. ಸತು ಫೋನ್ ಮಾಡಿದರೆ, "ಸತ್ತವಳ ಹೆಸರಲ್ಲಿ ಆಟ ಆಡಬೇಡಿ" ಎಂದು ಇಟ್ಟುಬಿಡುತ್ತಿದ್ದಳು. ಸತು ವಿಮಾನ ಹತ್ತಿ ಹೋಗಿ ಎದುರಿಗೇ ನಿಂತಳು. ಹೊಸ ಆಯಾ ಬಂದಿದ್ದಾಳೆಂದುಕೊಂಡ ತಾಯಿ, ಕಾಫಿ ಇನ್ನೂ ಬಂದಿಲ್ಲವೆಂದು ದೂರಿದಳು. ಸತು ಕಾಫಿ ತಂದುಕೊಟ್ಟು, ಲೋಟ ತೊಳೆದಿಟ್ಟು, ವಾಪಸು ಬಂದಳು.

ಇತ್ತ ನ್ಯೂಯಾರ್ಕಿನಲ್ಲಿ ಪಾತ್ರ ಕೇಳಿಕೊಂಡು ಬಾಗಿಲು ಬಾಗಿಲು ಅಲೆದಳು. ಇಂಗ್ಲಿಷ್ ಬರುತ್ತಿತ್ತು, ಆದರೆ ಅವರಿಗೆ ಬೇಕಾದ ಹಾಗೆ ನಾಲಗೆ ಹೊರಳುತ್ತಿರಲಿಲ್ಲ. ಕೊನೆಗೆ ಒಂದು ಪತ್ತೇದಾರಿ ಧಾರಾವಾಹಿಯವರು ಹೆಣವಾಗಿ ಮಲಗಿಸಿದರು. ಹೆಣದ ಪಾತ್ರ ಸುಲಭ ಅನ್ನುವವರು ಮೂಗಿನ ಮೇಲೆ ನೊಣ ಕೂತಾಗ ಮಿಸುಕದೆ ಮಲಗಿ ನೋಡಲಿ. ಸತು ಮಲಗಿದಳು. ಮೈ ಬಿಳುಪು, ರೆಪ್ಪೆ ಅದುರದು, ಉಸಿರು ಬಿಗಿಹಿಡಿಯುವ ತಾಕತ್ತು ಬೇರೆ. ಹಡ್ಸನ್ ದಡದಲ್ಲಿ ಒಮ್ಮೆ, ಲಿಫ್ಟಿನಲ್ಲಿ ಒಮ್ಮೆ, ಕಾರಿನ ಡಿಕ್ಕಿಯಲ್ಲಿ ಒಮ್ಮೆ.

ಆ ಹೊತ್ತಿಗೆ ಅತ್ತೆ ವೀರಬಸಮ್ಮ ಧಾರವಾಡದಿಂದ ಬಂದರು. ಅವರಿಗೆ ಮೊದಲ ತೊಡಕು ಸೊಸೆಯ ಹೆಸರು. ಸತು ಅನ್ನಲು ಹೋದರೆ ನಾಲಗೆ ತಾನಾಗಿ ಒಂದು 'ತ' ಹೆಚ್ಚಿಗೆ ಹಾಕಿ ಸತ್ತು ಅಂದುಬಿಡುತ್ತಿತ್ತು. "ಮುಂಜಾನೆದ್ದು ಸೊಸೀನ್ನ ಹಿಂಗ ಕರಿಯೂದು ನನ್ನ ಕೈಲೆ ಆಗಂಗಿಲ್ಲ" ಎಂದವರು ಸತ್ಯವ್ವ ಅಂತ ಕರೆಯತೊಡಗಿದರು. ಸತುವೂ ಅವರ ಕನ್ನಡವನ್ನೇ ಕಲಿತಳು.

ಒಂದು ಮಧ್ಯಾಹ್ನ ಮೊಮ್ಮಗಳು ಮಾಳವಿಕಾ ಟಿವಿ ತೋರಿಸಿ, "ಅಜ್ಜಿ, ದಟ್ಸ್ ಮಾಮ್" ಅಂದಳು. ಡಿಕ್ಕಿಯೊಳಗೆ ಸೊಸೆಯ ಹೆಣ. ಪೊಲೀಸರಿಬ್ಬರು ಅದರ ಮೇಲೆ ಬಗ್ಗಿ ಕಾಫಿ ಹೀರುತ್ತಿದ್ದರು.

"ಬಂದ್ ಮಾಡವಾ ಅದನ್ನ" ಅಂದರು ವೀರಬಸಮ್ಮ. ಆಮೇಲೆ ಸೊಸೆಯ ಕಡೆ ತಿರುಗಿ, "ಇದೇನ್ ಉದ್ಯೋಗ ನಿಂದು? ಹೆಣ ಆಗಿ ಮಲಗೂದು?"

"ಮಲಗಿದ್ದಕ್ಕ ಪಗಾರ ಕೊಡತಾರ ಅತ್ತೀ."

"ನಿನ್ನ ಗಂಡನೂ ದಿನಾ ಸೋಫಾದ ಮ್ಯಾಲ ಹಂಗ ಬಿದ್ದಿರತಾನ. ಅವಂಗ್ಯಾರು ಕೊಡತಾರ?"

"ಅವ್ವಾ, ನಾ ಮೀಟಿಂಗ್‌ನ್ಯಾಗ ಇದ್ದೇನಿ" ಎಂದ ಮಹೇಶ್, ಸೋಫಾದಿಂದಲೇ.

ಬೆಳ್ಳುಳ್ಳಿ ಸುಲಿಯುತ್ತ ವೀರಬಸಮ್ಮ ಮತ್ತೆ ಕೇಳಿದರು: "ಅಷ್ಟು ಸರ್ತಿ ಸತ್ತೀದಿ. ನಿನಗಂತ ಯಾರರ ಅತ್ತಾರೇನು?"

ಸತು ತಾಯಿಯ ಸಂಗತಿ ಹೇಳಿದ್ದು ಆಗಲೇ. ಅತ್ತೆ ಬೆಳ್ಳುಳ್ಳಿ ಬದಿಗಿಟ್ಟರು.

"ನಮ್ಮ ಕಡೆ ಕಾಗಿ ತಲಿ ಬಡದ್ರ, ಆ ಮನಷ್ಯಾ ಸತ್ತಾನಂತ ಬಳಗಕ್ಕ ಸುಳ್ಳು ಸುದ್ದಿ ಕಳಸ್ತಾರ. ಅವರು ಅತ್ತರ ಗಂಡಾಂತರ ಹೋತು. ಆದ್ರ ಬೆನ್ನಿಗೇನ, ಬದುಕೀನಿ ಅಂತನೂ ಹೇಳಿ ಕಳಸ್ಬೇಕು. ಇಲ್ಲಂದ್ರ ಅತ್ತವರ ಎದಿಯಾಗ ಅದು ಖರೇನ ಆಗಿ ಕುಂದರತದ."

"ಎದುರಿಗೆ ಹೋಗಿ ನಿಂತೆ ಅತ್ತೀ. ಗುರ್ತ ಹಿಡೀಲಿಲ್ಲ."

"ಸುದ್ದಿ ಹೋದ ದಾರೀಲೇನ ಹೋಗ್ಬೇಕು. ಟಿವಿಯೊಳಗ ಸತ್ತದ್ದು ನೋಡ್ಯಾಳ, ಟಿವಿಯೊಳಗ ಎದ್ದು ನಿಂತು ಮಾತಾಡು."

ಆ ಪತ್ತೇದಾರಿ ಧಾರಾವಾಹಿ ಫಿನ್ಲೆಂಡಿನಲ್ಲೂ ಬರುತ್ತಿತ್ತು. ತಾಯಿ ತನ್ನನ್ನು ಇನ್ನೊಮ್ಮೆ ಹೆಣವಾಗಿ ಕಂಡರೆ ಗತಿಯೇನು ಎಂದು ಸತುವಿಗೆ ಹೊಳೆದದ್ದೇ ಆಗ. ಮರುದಿನವೇ ಏಜೆಂಟಿಗೆ ಹೇಳಿದಳು: ಇನ್ನು ಹೆಣವಾಗಿ ಮಲಗುವುದಿಲ್ಲ, ಒಂದೇ ಮಾತಿದ್ದರೂ ಸರಿ, ಬದುಕಿರುವ ಪಾತ್ರ ಕೊಡಿಸಿ. ಅವನು ನಕ್ಕ. ಹೆಣಕ್ಕೆ ಬೇಡಿಕೆಯಿತ್ತು, ಹೆಂಗಸಿಗಿರಲಿಲ್ಲ. ಒಂದು ಚಳಿಗಾಲ ಪೂರ್ತಿ ಡೇಕೇರಿನಲ್ಲಿ ಕೂಸುಗಳ ಮೂಗೊರೆಸಿದಳು. ಅಕ್ಕ ರಿತ್ವಾ ಕೆಮಿಯಿಂದ ಫೋನ್ ಮಾಡಿ, ಅಮ್ಮನ ಊಟ ಕಡಿಮೆಯಾಗಿದೆ ಅನ್ನುತ್ತಿದ್ದಳು. ಮುದುಕಿಯ ಹೊತ್ತು ಮುಗಿಯುವುದರೊಳಗೆ ಆ ಒಂದು ಮಾತು ಸಿಕ್ಕೀತೇ ಎಂಬುದೇ ಸತುವಿನ ತಲೆಯಲ್ಲಿ ಕೊರೆಯುತ್ತಿತ್ತು.

ಕಡೆಗೂ ಸಿಕ್ಕಿತು. ಅದೇ ಪತ್ತೇದಾರಿ ಧಾರಾವಾಹಿಯಲ್ಲಿ ಬಾಡಿಗೆ ಮನೆಯ ಒಡತಿ. ಪೊಲೀಸರು ಬಾಗಿಲು ತಟ್ಟಿದಾಗ ತೆರೆದು, "ಮೂರನೇ ಮಹಡಿ. ಭಾನುವಾರದಿಂದ ಅವನು ಕೆಳಗಿಳಿದಿಲ್ಲ" ಎಂದು ಇಂಗ್ಲಿಷಿನಲ್ಲಿ ಹೇಳಬೇಕು. ಅಡುಗೆಮನೆಯಲ್ಲಿ ಹೇಳಿ ಹೇಳಿ ರೂಢಿ ಮಾಡಿಕೊಂಡಳು. ಥರ್ಡ್ ಅನ್ನಲು ಹೋಗಿ ಟರ್ಡ್, ಅಂದರೆ ಹೇಲು, ಅನ್ನುತ್ತಿದ್ದಳು. "ಮಾಮ್, ದಟ್ಸ್ ಪೂಪ್" ಎಂದು ಮಾಳವಿಕಾ ಬಿದ್ದು ಬಿದ್ದು ನಕ್ಕಳು. ಸತು ನಗಲಿಲ್ಲ. ಫ್ಲೋರಲ್ ಪಾರ್ಕ್ ಬಡಾವಣೆಯ ಒಂದು ಹಳೇ ಮನೆಯ ಮೆಟ್ಟಿಲ ಮೇಲೆ ಶೂಟಿಂಗ್ ಆಯಿತು. ಥರ್ಡ್ ಸರಿಯಾಗಿಯೇ ಬಂತು.

ಅದು ಫಿನ್ಲೆಂಡಿನಲ್ಲಿ ಬಂದ ದಿನ ರಿತ್ವಾ ತಾಯಿಯ ಪಕ್ಕ ಕೂತಳು. ಇಲ್ಲಿ ಸತು ಫೋನನ್ನು ಅಡುಗೆಕಟ್ಟೆಯ ಮೇಲಿಟ್ಟು ಕಾದಳು. ಮಹೇಶ್ ಮೀಟಿಂಗ್ ಬಿಟ್ಟು ಬಂದು ನಿಂತಿದ್ದ. ಫೋನ್ ಬಂತು. ತಾಯಿ ಕುರ್ಚಿ ಎಳೆದುಕೊಂಡು ಟಿವಿಗೆ ಮುಖವಿಟ್ಟು ನೋಡಿದಳಂತೆ. "ನನ್ನ ಮಗಳ ಹಾಗೇ ಇದ್ದಾಳೆ" ಅಂದಳಂತೆ. ಆಮೇಲೆ, "ನನ್ನ ಮಗಳಿಗೆ ಇಷ್ಟು ವಯಸ್ಸಾಗುವ ಭಾಗ್ಯ ಇರಲಿಲ್ಲ" ಅಂದಳಂತೆ.

ಅತ್ತ ರಿತ್ವಾ ತಡವರಿಸುತ್ತ, "ಆ ಮನೆಯೊಡತಿಯ ಹತ್ತಿರ ಮಾತಾಡಬೇಕಂತೆ ಅಮ್ಮನಿಗೆ. ಕೊಡಲಾ?" ಎಂದು ಕೇಳಿದಳು.

ಸತು ಅದನ್ನು ಅತ್ತೆಗೆ ಹೇಳಿದಳು. ವೀರಬಸಮ್ಮ ಸೆರಗಿನ ತುದಿ ಹಿಂಡುತ್ತ ನಿಂತು, "ಕರದಾಳಲ್ಲ, ಮಾತಾಡು. ಯಾರಾಗ್ಯರ ಮಾತಾಡು" ಅಂದರು.

"ಆ ಮೆಟ್ಟಿಲ ಮನೆಯವರು ನೀವೇನಾ?" ಐಲಾಳ ದನಿ.

"ಹೌದು."

"ನಮ್ಮ ಭಾಷೆ ಚೆನ್ನಾಗಿ ಮಾತಾಡ್ತೀರಿ. ಎಲ್ಲಿ ಕಲಿತಿರಿ?"

"ನಮ್ಮಮ್ಮನ ಹತ್ತಿರ."

ಮುದುಕಿಗೆ ಖುಷಿಯಾಯಿತು. ತನ್ನ ಸತ್ತ ಮಗಳ ಕಥೆ ಹೇಳತೊಡಗಿದಳು. ಚಿಕ್ಕವಳಿದ್ದಾಗ ಪಾದ್ರಿಯ ನಡಿಗೆ ಅಣಕಿಸಿ ಏಟು ತಿಂದದ್ದು, ಕಾಗದದ ಕಾರ್ಖಾನೆಯಿಂದ ಅಪ್ಪ ಬರುವ ತನಕ ಊಟ ಮುಟ್ಟದೆ ಕೂತಿರುತ್ತಿದ್ದದ್ದು. ಸತುವಿಗೇ ನೆನಪಿಲ್ಲದ ಸಂಗತಿಗಳು. ಅವಳು ಹೂಂಗುಟ್ಟಿದಳು, ದನಿ ಅದುರದಂತೆ ನೋಡಿಕೊಂಡಳು. ಈ ಕಸುಬಿನಲ್ಲಿ ಕಲಿತದ್ದೆಲ್ಲ ಆ ಹೊತ್ತಿಗೆ ಬೇಕಾಯಿತು.

ಅಂದಿನಿಂದ ಪ್ರತಿ ಭಾನುವಾರ ಮನೆಯೊಡತಿಯಾಗಿಯೇ ಫೋನ್ ಮಾಡುತ್ತಾಳೆ. ಇಲ್ಲದ ಬಾಡಿಗೆದಾರರನ್ನು ಕಟ್ಟಿ ಅವರ ಜಗಳ, ಅವರ ಬೆಕ್ಕು, ಅವರ ಸೋರುವ ನಲ್ಲಿ ಎಲ್ಲ ಹೇಳುತ್ತಾಳೆ. ಮುದುಕಿ ಈಗ ಊಟ ಮಾಡುತ್ತಿದ್ದಾಳೆ. ಮಗಳು ಮಾತ್ರ ಇನ್ನೂ ಮಂಜುಗಡ್ಡೆಯ ಕೆಳಗೇ.

ಹೋದ ವಾರ ಐಲಾ, "ಮೂರನೇ ಮಹಡಿಯವನು ಸತ್ತೇಹೋದನಾ?" ಎಂದು ಕೇಳಿದಳು. ಧಾರಾವಾಹಿಯಲ್ಲಿ ಸತ್ತಿದ್ದ. ಸತು, "ಇಲ್ಲ, ಊರಿಗೆ ಹೋಗಿದ್ದ, ವಾಪಸು ಬಂದ" ಅಂದಳು.

"ಅವನ ತಾಯಿಗೆ ತಿಳಿಸಿದಿರಾ?"

"ತಿಳಿಸಿದೆ. ನಂಬಲಿಲ್ಲ."

"ಮತ್ತೆ ಹೇಳಿ" ಅಂದಳು ಮುದುಕಿ.