ನಟ ಸತ್ಯ, ನನ್ನ ಬಾಮೈದ

ನನ್ನ ಬಾಮೈದ ಸತ್ಯ ಮೂವತ್ತೊಂದು ವರ್ಷ ಲಂಡನ್ನಿನಲ್ಲಿದ್ದು ಬ್ರಿಟಿಷ್ ಟಿವಿ ಧಾರಾವಾಹಿಗಳಲ್ಲಿ ನಟಿಸಿದ. ಹಾಗಂತ ದೊಡ್ಡ ನಟ ಅಂದುಕೊಳ್ಳಬೇಡಿ. ಡಾಕ್ಟರು, ಅಂಗಡಿಯವನು, ಟ್ಯಾಕ್ಸಿಯವನು, ಆರು ಸಲ ಹೆಣ. ಒಂದು ಪಾತ್ರಕ್ಕೂ ಹೆಸರಿರಲಿಲ್ಲ. ಕೊನೆಯಲ್ಲಿ ಓಡುವ ಪಟ್ಟಿಯಲ್ಲಿ 'ಎರಡನೇ ಡಾಕ್ಟರ್' ಎಂದು ಬಂದು ಮಾಯವಾಗುತ್ತಿದ್ದ. ನನ್ನ ಹೆಂಡತಿ ಲಲಿತ ಅದನ್ನು ನಿಲ್ಲಿಸಿ ನಿಲ್ಲಿಸಿ ನೋಡುತ್ತಿದ್ದಳು. "ನಿನ್ನ ತಮ್ಮ ಸತ್ತನಾ, ಇನ್ನೂ ಇದಾನಾ?" ಎಂದು ನಾನು ಕಿಚಾಯಿಸುತ್ತಿದ್ದೆ.

ಅವನ ಹೆಂಡತಿ ತೀರಿಕೊಂಡ ಮೇಲೆ ಶಿಕಾಗೋ ಹತ್ತಿರದ ಲೊಂಬಾರ್ಡಿನ ನಮ್ಮ ಮನೆಗೆ ಬಂದ. ಬೇಸ್‌ಮೆಂಟಿನಲ್ಲಿ ಇರುತ್ತಾನೆ. ಇಲ್ಲಿನ ಕಂಪನಿಯೊಂದರಲ್ಲಿ ಮೂವತ್ತು ವರ್ಷ ತಲೆ ತಗ್ಗಿಸಿ ದುಡಿದು ರಿಟೈರ್ ಆದವನು ನಾನು. ಅರವತ್ತಾರು ವರ್ಷಕ್ಕೂ ಕನ್ನಡಿಯ ಮುಂದೆ ನಿಂತು ಅಳುವುದು ಅಭ್ಯಾಸ ಮಾಡುವ ಗಂಡಸನ್ನು ಕಂಡರೆ ನನಗೆ ಮೈ ಉರಿಯುತ್ತದೆ.

ಹೋದ ಫೆಬ್ರವರಿಯಲ್ಲಿ ಶಿಕಾಗೋದ ಒಂದು ಧಾರಾವಾಹಿಯವರು ಅವನ ಏಜೆಂಟಿಗೆ ಹೇಳಿ ಕಳಿಸಿದರು. ಇಂಡಿಯಾದಿಂದ ಬಂದ ತಾತನ ಪಾತ್ರ. ಹೆಸರಿದೆ, ಹನ್ನೊಂದು ದೃಶ್ಯ, ಸಾಯುವುದೂ ಇಲ್ಲ.

"ಭಾವ, ಇದೊಂದ್ ಸಿಕ್ಬಿಟ್ರೆ ಸಾಕು. ಆಮೇಲೆ ನಾನು ಏನೂ ಕೇಳಲ್ಲ," ಅಂದ.

ಆಡಿಷನ್ನನ್ನು ಮನೆಯಲ್ಲೇ ಫೋನಿನಲ್ಲಿ ತೆಗೆದು ಕಳಿಸಬೇಕು. ಎದುರಿನ ಪಾತ್ರದ ಮಾತನ್ನು ಕ್ಯಾಮೆರಾದ ಪಕ್ಕ ನಿಂತು ಇನ್ನೊಬ್ಬರು ಓದಬೇಕು. ಓದುವವರ ಮುಖ ಕಾಣುವುದಿಲ್ಲ. ಮನೆಯಲ್ಲಿದ್ದ ಇನ್ನೊಬ್ಬ ಗಂಡಸು ನಾನೇ.

"ನೀವು ಸಪ್ಪೆಯಾಗಿ ಓದ್ಬೇಕು ಭಾವ. ನಿಮ್ಮ ಕಡೆ ಯಾರ ಗಮನಾನೂ ಹೋಗ್ಬಾರ್ದು."

ನನ್ನ ಮನೆಯಲ್ಲಿ ನನಗೇ ಪಾಠ! ಎರಡು ಸಲ ಸಪ್ಪೆಯಾಗಿ ಓದಿದೆ. ತಾತನನ್ನು 'ಇನ್ನೆಷ್ಟು ದಿನ ನನ್ನ ಮನೆಯಲ್ಲಿ ಕೂತಿರುತ್ತೀಯ' ಎಂದು ಅವನ ಅಣ್ಣ ಬೈಯುವ ದೃಶ್ಯ ಅದು. ಮೂರನೇ ಸಲ ಬೇಕೆಂದೇ ಹೊಟ್ಟೆಯಲ್ಲಿದ್ದದ್ದನ್ನೆಲ್ಲ ಕಕ್ಕಿದೆ. ಸತ್ಯ ನಿಜವಾಗಿ ಬೆಚ್ಚಿಬಿದ್ದ. ಇಷ್ಟು ಚೆನ್ನಾಗಿ ಯಾವತ್ತೂ ಬಂದಿರಲಿಲ್ಲವೆಂದು ಅದನ್ನೇ ಕಳಿಸಿದ.

ಒಂಬತ್ತು ದಿನಕ್ಕೆ ಇಮೇಲ್ ಬಂತು. ಅಡುಗೆಮನೆಯ ಟೇಬಲ್ಲಿನಲ್ಲಿ ಕೂತು ಅಕ್ಕನಿಗೆ ಗಟ್ಟಿಯಾಗಿ ಓದತೊಡಗಿದವನು ನಡುವೆ ನಿಲ್ಲಿಸಿದ. ಫೋನನ್ನು ನನ್ನ ಕಡೆ ತಳ್ಳಿದ. ಸತ್ಯನ ಇಂಗ್ಲಿಷ್ ಇಂಡಿಯಾದವರ ಹಾಗಿಲ್ಲವಂತೆ. ಪಕ್ಕದಲ್ಲಿ ಓದಿದವರು ಯಾರು, ಆ ಧ್ವನಿಯೇ ನಮಗೆ ಬೇಕು, ತಾತನ ಮಾತನ್ನು ಅವರಿಂದ ಹೇಳಿಸಿ ಕಳಿಸುತ್ತೀರಾ ಎಂದು ಕೇಳಿದ್ದರು.

"ಆಗಲ್ಲ ಅನ್ರೀ," ಎಂದಳು ಲಲಿತ.

ನಾನು ಅನ್ನಲಿಲ್ಲ. ಖುಷಿಯಾಗಿತ್ತು, ಸುಳ್ಳೇಕೆ ಹೇಳಲಿ.

ಅವತ್ತೇ ಮಧ್ಯಾಹ್ನ ಸತ್ಯ ಕ್ಯಾಮೆರಾದ ಪಕ್ಕ ನಿಂತು ನನಗಾಗಿ ಓದಿದ. ಸಪ್ಪೆಯಾಗಿ, ಹೇಗೆ ಓದಬೇಕೋ ಹಾಗೆ. ತಾತನ ಮಾತು ನನಗೆ ಮರೆತಾಗಲೆಲ್ಲ ಕಾಗದ ನೋಡದೆ ಹೇಳಿಕೊಟ್ಟ. ಪಾತ್ರ ನನಗೆ ಸಿಕ್ಕಿತು.

ಶೂಟಿಂಗಿನಲ್ಲಿ ದೀಪಗಳನ್ನು ಹೊಂದಿಸುವಷ್ಟು ಹೊತ್ತು ನಟನ ಜಾಗದಲ್ಲಿ ಕೂರಲು ಅದೇ ಎತ್ತರದ, ಅದೇ ಬಣ್ಣದ ಇನ್ನೊಬ್ಬ ಬೇಕಂತೆ. ನಾನೇ ಸತ್ಯನ ಹೆಸರು ಕೊಟ್ಟೆ. ಉಪಕಾರ ಮಾಡುತ್ತಿದ್ದೇನೆ ಅಂದುಕೊಂಡಿದ್ದೆ. ಈಗ ದಿನವೂ ಒಂದೇ ಕಾರಿನಲ್ಲಿ ಹೋಗುತ್ತೇವೆ. ಅವನು ಕುರ್ಚಿಯಲ್ಲಿ ಮುಕ್ಕಾಲು ಗಂಟೆ ಅಲುಗಾಡದೆ ಕೂರುತ್ತಾನೆ. ಎಲ್ಲ ಸರಿಯಾಯಿತು ಅಂದಾಗ ಎದ್ದು ನನಗೆ ಬಿಟ್ಟುಕೊಡುತ್ತಾನೆ.

ನಿನ್ನೆ ದೀಪದ ಹುಡುಗಿಯೊಬ್ಬಳು ಅವನ ಮುಖಕ್ಕೆ ಬೆಳಕು ಹಿಡಿದು, ನಿಮ್ಮ ಮುಖ ತುಂಬಾ ಚೆನ್ನಾಗಿದೆ, ಯಾವತ್ತಾದರೂ ಆಕ್ಟಿಂಗ್ ಮಾಡಿದ್ದೀರಾ ಎಂದು ಕೇಳಿದಳು.

ಸತ್ಯ ನನ್ನ ಕಡೆ ನೋಡಿದ. ನಾನು ಕೈಯಲ್ಲಿದ್ದ ಮಾತಿನ ಕಾಗದ ಓದತೊಡಗಿದೆ.

"ಇಲ್ಲ," ಅಂದ.