ನಾಳೆಯ ತಾರೀಖಿನ ಸೀಲು

ಆ ಪುಣ್ಯಾತ್ಮನ ಮುಖ ನನಗೆ ಈಗಲೂ ಚೆನ್ನಾಗಿ ನೆನಪಿದೆ. ಶಿಕ್ಷಣ ಇಲಾಖೆಯ ಕಚೇರಿಯೊಂದರ ಟಪಾಲು ಕೌಂಟರಿನಲ್ಲಿ ಕೂತು, ತಾರೀಖಿನ ಸೀಲಿನ ಪುಟ್ಟ ಚಕ್ರವನ್ನು ಉಗುರಿನಿಂದ ತಿರುಗಿಸುತ್ತಿದ್ದ. ಗಂಟೆ ನಾಲ್ಕೂವರೆ. ಸರ್ಕಾರಿ ಪ್ರೌಢಶಾಲೆಯ ಗಣಿತ ಶಿಕ್ಷಕರ ಹುದ್ದೆಗೆ ಅರ್ಜಿ ಕೊಡಲು ಅವತ್ತೇ ಕೊನೆಯ ದಿನ, ಐದೂವರೆಯವರೆಗೆ ಸಮಯ. ಕಂಪ್ಯೂಟರಿನಲ್ಲಿ ತುಂಬಿದ್ದನ್ನೇ ಕಾಗದದ ಮೇಲೆ ತೆಗೆದು ಮತ್ತೆ ಖುದ್ದಾಗಿ ಬಂದು ಕೊಡಬೇಕೆಂಬುದು ಯಾವ ಮೇಧಾವಿಯ ತಲೆಗೆ ಹೊಳೆಯಿತೋ ಕಾಣೆ. ನಾನು ಆಗ ಶಂಕರಪುರದ ಸಣ್ಣ ಖಾಸಗಿ ಶಾಲೆಯೊಂದರಲ್ಲಿ ಪಾಠ ಮಾಡುತ್ತಿದ್ದೆ. ಕೊನೆಯ ಪೀರಿಯಡ್ಡು ಬಿಟ್ಟು ಬರಲು ಹೆಡ್‌ಮಿಸ್ಸನ್ನು ಮೂರು ದಿನ ಬೇಡಿಕೊಂಡಿದ್ದೆ.

ಅರ್ಜಿ ತೆಗೆದುಕೊಂಡ, ಸೀಲು ಒತ್ತಿದ, ಟ್ರೇಗೆ ಎಸೆದ.

“ಸ್ವೀಕೃತಿ ಕೊಡಿ ಸರ್,” ಅಂದೆ.

“ಅದೆಲ್ಲ ಏನೂ ಬೇಡಮ್ಮ. ತಗೊಂಡಿದೀನಲ್ಲ, ಹೋಗಿ.”

ಹೋದೆ. ಅಷ್ಟು ಪೆದ್ದಿ ನಾನು.

ಎರಡು ತಿಂಗಳ ಮೇಲೆ ಒಂದು ಸಾಲಿನ ಕಾಗದ ಬಂತು. ನನ್ನ ಅರ್ಜಿ ಕೊನೆಯ ದಿನಾಂಕದ ನಂತರ ಬಂದದ್ದರಿಂದ ತಿರಸ್ಕರಿಸಲಾಗಿದೆ. ಮುಂದಿನ ನೇಮಕಾತಿಯ ಹೊತ್ತಿಗೆ ನನ್ನ ವಯಸ್ಸು ಮಿತಿ ದಾಟುತ್ತಿತ್ತು. ಇದು ಹೋದರೆ ಸರ್ಕಾರಿ ಕೆಲಸದ ಆಸೆಯೂ ಹೋದ ಹಾಗೆ. ಕಚೇರಿಗೆ ಓಡಿದರೆ ಒಬ್ಬರೂ ಕ್ಯಾರೇ ಅನ್ನಲಿಲ್ಲ. “ಲೇಟ್ ಅಂದ್ರೆ ಲೇಟ್ ಮೇಡಂ, ಒಂದ್ ದಿನ ಆದ್ರೂ ಲೇಟೇ,” ಎಂದು ಅಲ್ಲಿನ ಮ್ಯಾನೇಜರು ನನಗೆ ಶಿಸ್ತಿನ ಪಾಠ ಹೇಳಿದ. ಮನೆಯಲ್ಲಿ ಅಮ್ಮ, “ನೀನೇ ತಾರೀಖು ತಪ್ಪು ತಿಳ್ಕೊಂಡಿರ್ಬೇಕು ಕಣೆ,” ಅಂದಳು. ಹೆತ್ತ ಮಗಳಿಗಿಂತ ಸರ್ಕಾರದ ಕಾಗದ ಹೆಚ್ಚಾಯಿತು ಅವಳಿಗೆ.

ತ್ಯಾಗರಾಜನಗರದ ಒಬ್ಬ ವಕೀಲೆಯನ್ನು ಹಿಡಿದು ನ್ಯಾಯಮಂಡಳಿಗೆ ಹೋದೆ. ಪರೀಕ್ಷೆ ಬರೆಯಲಿ, ಫಲಿತಾಂಶ ಲಕೋಟೆಯೊಳಗಿರಲಿ, ತೀರ್ಪಿನವರೆಗೆ ಒಂದು ಹುದ್ದೆ ಖಾಲಿ ಇಡಿ ಎಂದು ಮಧ್ಯಂತರ ಆದೇಶವಾಯಿತು. ಆಮೇಲೆ ಇಲಾಖೆಯವರು ತಮ್ಮ ಉತ್ತರ ಸಲ್ಲಿಸಬೇಕಿತ್ತು. ಶಿಸ್ತಿನ ಪಾಠ ಹೇಳಿದವರ ಶಿಸ್ತು ಆಗ ನೋಡಬೇಕಿತ್ತು ನೀವು. ಒಂದು ಸಲ ಸಾಹೇಬರಿಗೆ ವರ್ಗವಾಯಿತು, ಸಮಯ ಬೇಕು. ಇನ್ನೊಂದು ಸಲ ಫೈಲು ಸಿಗುತ್ತಿಲ್ಲ, ಸಮಯ ಬೇಕು. ಮತ್ತೊಂದು ಸಲ ಎಲ್ಲರೂ ಎಲೆಕ್ಷನ್ ಡ್ಯೂಟಿಯಲ್ಲಿದ್ದಾರೆ. ಹೀಗೇ ಎರಡು ವರ್ಷ ಎಳೆದರು. ಅವರ ಅರ್ಜಿಯನ್ನು ಯಾರೂ ತಿರಸ್ಕರಿಸಲಿಲ್ಲ.

ಕೊನೆಗೂ ಉತ್ತರ ಬಂತು. ಜೊತೆಯಲ್ಲಿ ನನ್ನ ಅರ್ಜಿಯ ಜೆರಾಕ್ಸು. ಅದರ ಮೇಲಿನ ಸೀಲನ್ನು ನಾನು ಮೊದಲ ಸಲ ನೋಡಿದ್ದು ವಕೀಲೆಯ ಮನೆಯ ಹಜಾರದಲ್ಲಿ. ಕೊನೆಯ ದಿನದ ಮರುದಿನದ ತಾರೀಖು. ಅರ್ಜಿದಾರರು ಆ ದಿನ ಖುದ್ದಾಗಿ ಕಚೇರಿಗೆ ಬಂದು ಅರ್ಜಿ ಕೊಟ್ಟರೆಂದು ಮೇಲಧಿಕಾರಿ ಪ್ರಮಾಣ ಬೇರೆ ಮಾಡಿದ್ದ.

ಆ ಮರುದಿನ ನನಗೆ ಸ್ಪಷ್ಟವಾಗಿ ನೆನಪಿತ್ತು. ಹಿಂದಿನ ರಾತ್ರಿ ದೊಡ್ಡ ರಾಜಕಾರಣಿಯೊಬ್ಬರು ತೀರಿಕೊಂಡು, ಬೆಳಗಾಗುವುದರೊಳಗೆ ರಾಜ್ಯಕ್ಕೆಲ್ಲ ರಜೆ ಘೋಷಣೆಯಾಗಿತ್ತು. ಚಾಮರಾಜಪೇಟೆಯ ನಮ್ಮ ಬೀದಿಯಲ್ಲಿ ಒಂದು ಅಂಗಡಿಯೂ ತೆರೆದಿರಲಿಲ್ಲ. ಅಮ್ಮ ನೆನೆಸಿಟ್ಟಿದ್ದ ಅವರೆಕಾಳನ್ನು ಮಧ್ಯಾಹ್ನದವರೆಗೆ ಕೂತು ಹಿತುಕಿದ್ದೆ. ಬೀಗ ಹಾಕಿದ ಕಚೇರಿಗೆ ನಾನು ಹೋದೆನಂತೆ, ಮನೆಯಲ್ಲಿ ಮಲಗಿದ್ದ ಗುಮಾಸ್ತ ಅರ್ಜಿ ತೆಗೆದುಕೊಂಡನಂತೆ. ಕಾಗಕ್ಕ ಗುಬ್ಬಕ್ಕನ ಕಥೆಯನ್ನಾದರೂ ಇದಕ್ಕಿಂತ ನೆಟ್ಟಗೆ ಹೇಳುತ್ತಾರೆ.

ಆಗ ಆ ಚಕ್ರ ನೆನಪಾಯಿತು. ಬೆಳಗ್ಗೆ ಬಂದು ಚಕ್ರ ತಿರುಗಿಸುವ ಮಹಾ ಶ್ರಮ ತಪ್ಪಲೆಂದು, ಆ ಮನುಷ್ಯ ನಾಲ್ಕು ಗಂಟೆ ದಾಟುತ್ತಲೇ ನಾಳೆಯ ತಾರೀಖು ಕೂರಿಸಿಡುತ್ತಿದ್ದ.

ನ್ಯಾಯಮಂಡಳಿಯ ಮುಂದೆ ವಕೀಲೆ ಆ ರಜೆಯ ವಿಷಯ ಹೇಳಿದಾಗ ಸರ್ಕಾರದ ವಕೀಲರು ಎದ್ದು ನಿಂತರು. “ಅವತ್ತು ರಜೆ ಇತ್ತೋ ಇಲ್ವೋ ಅಂತ ಇಲಾಖೆಯಿಂದ ತಿಳ್ಕೊಳ್ಳೋಕೆ ಸ್ವಲ್ಪ ಸಮಯ ಬೇಕು ಸ್ವಾಮಿ.”

“ಅವತ್ತು ನಾನೂ ಮನೇಲೇ ಇದ್ದೆ ಕಣ್ರೀ,” ಅಂದರು ನ್ಯಾಯಾಧೀಶರು. “ನೀವೆಲ್ಲಿದ್ರಿ?”

ಆದರೂ ಸಮಯ ಕೊಟ್ಟರು. ರಜೆ ಇತ್ತೆಂದು ಕಂಡುಹಿಡಿಯಲು ಇಲಾಖೆಗೆ ಇನ್ನೂ ಮೂರು ತಿಂಗಳು ಹಿಡಿಯಿತು.

ಅಂತೂ ಗೆದ್ದೆ. ಲಕೋಟೆ ಒಡೆದಾಗ ಅಂಕಗಳೂ ಸಾಕಷ್ಟಿದ್ದವು. ಹದಿನೈದು ದಿನದೊಳಗೆ ನಾನು ಆದೇಶದ ಪ್ರತಿಯನ್ನು ಅದೇ ಕಚೇರಿಗೆ ಕೊಡಬೇಕು, ಆಮೇಲೆ ಅವರು ನನ್ನನ್ನು ನೇಮಿಸಬೇಕು. ಆ ಪ್ರತಿ ನನ್ನ ಕೈಗೆ ಬಂದದ್ದೇ ಹದಿನೈದನೆಯ ದಿನ ಮಧ್ಯಾಹ್ನ. ಆಟೋ ಹಿಡಿದು ಹೋಗಿ ನಿಂತಾಗ ನಾಲ್ಕೂವರೆ ದಾಟಿತ್ತು. ಅದೇ ಕೌಂಟರು, ಅದೇ ಆಸಾಮಿ. ತಲೆಗೂದಲು ಮಾತ್ರ ಕಡಿಮೆಯಾಗಿತ್ತು. ಕಾಗದ ತೆಗೆದುಕೊಂಡು ಸೀಲು ಎತ್ತಿದ.

“ಒಂದ್ನಿಮಿಷ,” ಎಂದು ನಾನೇ ಅದನ್ನು ಅವನ ಕೈಯಿಂದ ತೆಗೆದುಕೊಂಡು ತಿರುವಿ ನೋಡಿದೆ. “ಇದು ನಾಳೇದು. ಇವತ್ತಿಂದು ಹಾಕಿ.”

“ಒಂದ್ ದಿನ ಆಚೆ ಈಚೆ ಆದ್ರೆ ಏನ್ ಹೋಗತ್ತೆ ಮೇಡಂ?”

“ಮೂರು ವರ್ಷ ಹೋಗತ್ತೆ.”

ಅವನು ಪಿಳಿಪಿಳಿ ನೋಡಿದ. ನಾನು ಯಾರೆಂದೇ ಅವನಿಗೆ ನೆನಪಿರಲಿಲ್ಲ. ಗೊಣಗಿಕೊಂಡು ಚಕ್ರವನ್ನು ಹಿಂದಕ್ಕೆ ತಿರುಗಿಸಿದ, ಕಾಗದಕ್ಕೂ, ಸ್ವೀಕೃತಿಗೆಂದು ನಾನು ತಂದಿದ್ದ ಇನ್ನೊಂದು ಪ್ರತಿಗೂ ಒತ್ತಿದ. ಆ ಸೀಲಿನ ಬಲದಿಂದಲೇ ನನಗೆ ಕೆಲಸ ಸಿಕ್ಕಿದ್ದು. ಆದರೆ ನಾನು ಆ ಪ್ರತಿಯನ್ನು ಮಡಚಿ ಬ್ಯಾಗಿಗೆ ಹಾಕುವಷ್ಟರಲ್ಲಿ ಅವನು ಚಕ್ರವನ್ನು ಮತ್ತೆ ನಾಳೆಗೆ ತಿರುಗಿಸಿಟ್ಟುಕೊಂಡಿದ್ದ. ನನ್ನ ಹಿಂದೆ ಕ್ಯೂ ಇನ್ನೂ ಬಾಗಿಲವರೆಗೆ ಇತ್ತು.